ಬ್ಲೇಕ್, ಸರ್ ಪೀಟರ್ ಜೇಮ್ಸ್ (1948–2001)

ನ್ಯೂಜಿಲೆಂಡಿನ ವಿಖ್ಯಾತ ನಾವಿಕ. ಹಾಯಿಹಡಗುಗಳ ಭೂಪ್ರದಕ್ಷಿಣ ಪಂದ್ಯದಲ್ಲಿಯೂ ಅಮೆರಿಕಾಸ್ ಕಪ್ ಎಂಬ ಹಳೆಯ ನೌಕಾಸ್ಪರ್ಧೆಯಲ್ಲಿಯೂ ಜಯ ಗಳಿಸಿ, ಎಂಬತ್ತು ದಿನಗಳೊಳಗೆ ಗಾಳಿಯ ಬಲವೊಂದರಿಂದಲೇ ಭೂಮಂಡಲವನ್ನು ಸುತ್ತಿಬಂದು, ಇನ್ನು ಗೆಲ್ಲತಕ್ಕದ್ದು ಏನೂ ಉಳಿದಿಲ್ಲವೆನ್ನುವ ಹೊತ್ತಿಗೆ ಪಂದ್ಯದ ಬದುಕಿಗೆ ವಿದಾಯ ಹೇಳಿ, ತನ್ನ ಶೇಷಾಯುಷ್ಯವನ್ನು ಸಮುದ್ರಗಳ ಮತ್ತು ಮಹಾನದಿಗಳ ರಕ್ಷಣೆಗೆ ಮೀಸಲಿಟ್ಟವನು. ಆ ಶೇಷಾಯುಷ್ಯವು ಎರಡು ವರ್ಷಗಳಿಗೂ ಕಡಿಮೆಯಾಯಿತು. ಸಮುದ್ರದ ಮೇಲೆ ಕೀರ್ತಿ ಸಂಪಾದಿಸಿದವರು ಅನೇಕರಿದ್ದಾರೆ. ಆ ಕೀರ್ತಿಯನ್ನು ಸಮುದ್ರಕ್ಕಾಗಿಯೇ ವಿನಿಯೋಗಿಸಿದವರು ಈತನ ಕಾಲಕ್ಕೆ ವಿರಳ. ಬ್ಲೇಕನ ಜೀವನವನ್ನು ಸಾಮಾನ್ಯವಾಗಿ ಕ್ರೀಡೆಯ ಪೂರ್ವಾರ್ಧವೆಂದೂ ಪರಿಸರಸೇವೆಯ ಉತ್ತರಾರ್ಧವೆಂದೂ ವಿಭಾಗಿಸುವುದು ರೂಢಿ. ಆದರೆ ಹಣ ಕೂಡಿಸುವುದು, ಜನರನ್ನು ಆರಿಸಿ ಒಂದು ಮನಸ್ಸಿನಿಂದ ದುಡಿಸುವುದು, ಸಮಸ್ತ ದೇಶದ ಗಮನವನ್ನು ಒಂದು ಹಡಗಿನ ಮೇಲೆ ನೆಲೆಗೊಳಿಸುವುದು ಎಂಬ ಯಾವ ವಿದ್ಯೆಗಳಿಂದ ಈತ ಪಂದ್ಯಗಳನ್ನು ಗೆದ್ದನೋ ಅವೇ ವಿದ್ಯೆಗಳಿಂದ ಎರಡನೆಯ ಕಾರ್ಯವನ್ನೂ ಕೈಗೊಂಡನೆಂಬುದು ಗಮನಾರ್ಹ.

ಬ್ಲೇಕ್ ಹುಟ್ಟಿದ್ದು 1948ರ ಅಕ್ಟೋಬರ್ 1ರಂದು, ಆಕ್ಲೆಂಡಿನಲ್ಲಿ. ಎರಡು ಬಂದರುಗಳ ನಡುವೆ ಹಬ್ಬಿಕೊಂಡಿರುವ ಈ ನಗರದಲ್ಲಿ ಉತ್ತರ ದಿಕ್ಕಿನ ವೈಟೆಮಟಾ ಕೊಲ್ಲಿಯ ದಡದ ಬೇಸ್‌ವಾಟರ್ ಎಂಬ ಬಡಾವಣೆಯಲ್ಲಿ ಈತನ ಬಾಲ್ಯ ಕಳೆಯಿತು. ತಂದೆ ಎರಡನೆಯ ಮಹಾಯುದ್ಧದಲ್ಲಿ ಬ್ರಿಟಿಷ್ ನೌಕಾಪಡೆಯಲ್ಲಿ ಸೇವೆ ಸಲ್ಲಿಸಿದ್ದವನು. ಆ ದೇಶದ ಮಕ್ಕಳು ಹಾಯಿ ಹಿಡಿಯಲು ಕಲಿಯುವುದು ಪಿ-ಕ್ಲಾಸ್ ಎಂಬ ಏಳು ಅಡಿ ಉದ್ದದ ಪುಟ್ಟ ದೋಣಿಯಲ್ಲಿ. ಸ್ವಲ್ಪ ಅಜಾಗರೂಕತೆಗೂ ಮಗುಚಿಕೊಂಡು ಸವಾರನನ್ನು ನೀರಿಗೆ ಕೆಡಹುವ ಈ ಹಠಮಾರಿ ದೋಣಿಯೇ ನ್ಯೂಜಿಲೆಂಡಿನ ಹೆಸರಾಂತ ನಾವಿಕರಲ್ಲಿ ಬಹುಮಂದಿಗೆ ಪ್ರಥಮ ಗುರು, ಬ್ಲೇಕನಿಗೂ ಅದೇ. ಹದಿಹರೆಯ ಮುಗಿಯುವ ಮೊದಲೇ ತಮ್ಮ ಟೋನಿಯೊಡನೆ ಸೇರಿ ಮನೆಯ ಹಿತ್ತಿಲಿನಲ್ಲಿ ‘ಬ್ಯಾಂಡಿಟ್’ ಎಂಬ ಸಮುದ್ರಯೋಗ್ಯ ಹಾಯಿದೋಣಿಯೊಂದನ್ನು ಈತ ಕೈಯಾರೆ ಕಟ್ಟಿದನು. ವಿದ್ಯಾಭ್ಯಾಸ ಯಂತ್ರಶಿಲ್ಪದಲ್ಲಿ. ಹಡಗಿನ ಯಾವ ಭಾಗದ ಮೇಲೆ ಎಷ್ಟು ಭಾರ ಬೀಳುತ್ತದೆ, ಯಾವ ಲೋಹ ಎಲ್ಲಿ ಸೋಲುತ್ತದೆ ಎಂಬ ವಿಚಾರದಲ್ಲಿ ಈತನಿಗಿದ್ದ ಆಸಕ್ತಿಗೆ ಆ ಶಿಕ್ಷಣವೂ ಕಾರಣವಾಗಿದ್ದಿರಬೇಕು. ಆಳು ಆರಡಿ ನಾಲ್ಕಂಗುಲ ಎತ್ತರ. ಹಡಗಿನ ಒಳಕೋಣೆಗಳಲ್ಲಿ ತಲೆ ಬಾಗಿಸಿಕೊಂಡೇ ಓಡಾಡಬೇಕಾಗಿದ್ದವನು.

ತಾರುಣ್ಯದಲ್ಲಿ ಇಂಗ್ಲೆಂಡಿಗೆ ಬಂದ ಬ್ಲೇಕನು 1971ರಲ್ಲಿ ಕೇಪ್‌ಟೌನಿನಿಂದ ರಿಯೊ ಡಿ ಜನೈರೊವರೆಗಿನ ಪಂದ್ಯದಲ್ಲಿ, ಲೆಸ್ಲಿ ವಿಲಿಯಮ್ಸ್ ಮತ್ತು ರಾಬಿನ್ ನಾಕ್ಸ್-ಜಾನ್‌ಸ್ಟನ್ ಎಂಬ ಇಬ್ಬರು ಹೆಸರಾಂತ ನಾಯಕರ ‘ಓಷನ್ ಸ್ಪಿರಿಟ್’ ನೌಕೆಯಲ್ಲಿ ದುಡಿದು, ಮಹಾಸಾಗರದ ಪಂದ್ಯದ ರುಚಿಯನ್ನು ಮೊದಲ ಬಾರಿಗೆ ಕಂಡನು. ನಾಕ್ಸ್-ಜಾನ್‌ಸ್ಟನ್ 1969ರಲ್ಲಿ ಎಲ್ಲಿಯೂ ನಿಲ್ಲದೆ ಏಕಾಂಗಿಯಾಗಿ ಭೂಪ್ರದಕ್ಷಿಣೆ ಮಾಡಿದ ಮೊದಲಿಗ; ಈತನಿಗೂ ಬ್ಲೇಕನಿಗೂ ಬೆಳೆದ ಸ್ನೇಹ ಮುಂದೆ ಇಪ್ಪತ್ತಮೂರು ವರ್ಷಗಳ ಬಳಿಕ ಇನ್ನೊಂದು ದೊಡ್ಡ ಸಾಧನೆಗೆ ಕಾರಣವಾಯಿತು.

1973ರಲ್ಲಿ ಬ್ರಿಟಿಷ್ ನೌಕಾಪಡೆಯ ಹಾಯಿಸಂಘವು ವಿಟ್‌ಬ್ರೆಡ್ ಎಂಬ ಬಿಯರ್ ತಯಾರಕರ ಸಹಾಯದಿಂದ ಸಿಬ್ಬಂದಿಸಹಿತ ಹಾಯಿಹಡಗುಗಳ ಮೊತ್ತಮೊದಲ ಭೂಪ್ರದಕ್ಷಿಣ ಪಂದ್ಯವನ್ನು ಏರ್ಪಡಿಸಿತು. ಹಿಂದಿನ ಶತಮಾನದ ಸರಕುಹಡಗುಗಳ ಹಳೆಯ ಹಾದಿಯನ್ನೇ ಅನುಸರಿಸಿ, ಇಂಗ್ಲೆಂಡಿನಿಂದ ಹೊರಟು ಆಫ್ರಿಕದ ತುದಿಯನ್ನು ಬಳಸಿ, ದಕ್ಷಿಣದ ನಲವತ್ತು ಐವತ್ತನೆಯ ಅಕ್ಷಾಂಶಗಳಲ್ಲಿ ನಿರಂತರವಾಗಿ ಬೀಸುವ ಪಶ್ಚಿಮ ಮಾರುತಗಳನ್ನು ಬೆನ್ನಿಗೆ ಹಾಕಿಕೊಂಡು, ಹಿಮಗಡ್ಡೆಗಳ ನಡುವೆ ದಾರಿ ಹುಡುಕುತ್ತ, ಕೇಪ್ ಹಾರ್ನ್ ಭೂಶಿರವನ್ನು ಸುತ್ತಿ ಮರಳಿ ಬರಬೇಕಾದ ಈ ಪಂದ್ಯದಲ್ಲಿ ಮೊದಲ ವರ್ಷವೇ ಮೂವರು ನಾವಿಕರು ಸಮುದ್ರದ ಪಾಲಾದರು. ಇದರಲ್ಲಿ ಜಯವನ್ನು ಎರಡು ಬಗೆಯಾಗಿ ಎಣಿಸುತ್ತಿದ್ದರು. ಗುರಿಯನ್ನು ಎಲ್ಲರಿಗಿಂತ ಮೊದಲು ಮುಟ್ಟಿದ ಹಡಗಿಗೆ ಒಂದು ಗೌರವ; ಪ್ರತಿ ಹಡಗಿನ ಉದ್ದ, ತೂಕ ಮತ್ತು ಹಾಯಿಯ ವಿಸ್ತಾರವನ್ನು ಲೆಕ್ಕಹಾಕಿ ಕಾಲವನ್ನು ಸರಿದೂಗಿಸಿದ ಮೇಲೆ ಮುಂದಾದ ಹಡಗಿಗೆ ಇನ್ನೊಂದು. ದೊಡ್ಡ ಹಡಗು ಮೊದಲನೆಯದನ್ನು ಗೆದ್ದು ಎರಡನೆಯದರಲ್ಲಿ ಸೋಲುವುದು ಸಾಮಾನ್ಯ. ಎರಡನ್ನೂ ಒಂದೇ ಹಡಗು ಗೆಲ್ಲುವುದು ಅಪೂರ್ವ.

ಈ ಮೊದಲ ಪಂದ್ಯದಲ್ಲಿ ಬ್ಲೇಕನು ‘ಬರ್ಟನ್ ಕಟರ್’ ನೌಕೆಯ ಸರದಿನಾಯಕ. ಅವಸರದಲ್ಲಿ ಕಟ್ಟಿ ಮುಗಿಸಿದ ಆ ಹಡಗು ಕೇಪ್‌ಟೌನನ್ನು ಎಲ್ಲರಿಗಿಂತ ಮೊದಲು ತಲಪಿತಾದರೂ, ಎರಡನೆಯ ಹಂತದಲ್ಲಿ ಅದರ ಒಡಲು ಅಲೆಗಳ ಹೊಡೆತ ತಾಳಲಾರದೆ ಬಿರಿದು ಹಿಂದಿರುಗಬೇಕಾಯಿತು. 1977ರ ಎರಡನೆಯ ಪಂದ್ಯದಲ್ಲಿ ಬ್ಲೇಕನಿದ್ದ ‘ಹೀತ್ಸ್ ಕಾಂಡರ್’ ನೌಕೆಯ ಕಾರ್ಬನ್ ನಾರಿನ ಕೂವೆಮರವು ಮೊದಲ ಹಂತದಲ್ಲಿಯೇ ಮುರಿಯಿತು. ಆ ವಸ್ತುವನ್ನು ಕೂವೆಗೆ ಬಳಸುವ ಕಲೆ ಆಗಿನ್ನೂ ಶೈಶವದಲ್ಲಿತ್ತು. ಆ ಬಾರಿ ಜಯಮಾಲೆ ಧರಿಸಿದವನು ‘ಫ್ಲಾಯರ್’ ನೌಕೆಯ ಡಚ್ ನಾಯಕ ಕೊರ್ನೆಲಿಸ್ ವಾನ್ ರೀಟ್‌ಸ್ಕೋಟೆನ್. ರಾಟರ್‌ಡ್ಯಾಮಿನ ಈ ಉದ್ಯಮಿ ಐವತ್ತು ದಾಟಿದ ಮೇಲೆ ಪಂದ್ಯಕ್ಕಿಳಿದು, ಹಡಗನ್ನು ಮುಂಚಿತವಾಗಿಯೇ ಕಟ್ಟಿಸಿ, ಅಟ್ಲಾಂಟಿಕ್ ಸಾಗರವನ್ನು ದಾಟಿ ಅದನ್ನು ಪರೀಕ್ಷಿಸಿ, ಅನಂತರವೇ ಆರಂಭರೇಖೆಗೆ ತಂದು ನಿಲ್ಲಿಸಿದ್ದನು. ವೀರಾವೇಶಕ್ಕಿಂತ ಸಿದ್ಧತೆಯಿಂದ ಪಂದ್ಯ ಗೆಲ್ಲುವ ಈ ಪದ್ಧತಿಯನ್ನು ಮುಂದೆ ಬ್ಲೇಕನೂ ಅಳವಡಿಸಿಕೊಂಡನು.

ನಡುವೆ 1979ರ ಫಾಸ್ಟ್‌ನೆಟ್ ಪಂದ್ಯ. ಇಂಗ್ಲೆಂಡಿನಿಂದ ಐರ್ಲೆಂಡಿನ ದಕ್ಷಿಣದ ಬಂಡೆಯೊಂದನ್ನು ಸುತ್ತಿ ಬರುವ ಈ ಪಂದ್ಯದ ಮೇಲೆ ಆಗಸ್ಟ್ ತಿಂಗಳಿನಲ್ಲಿ ಎರಗಿದ ಚಂಡಮಾರುತಕ್ಕೆ ಸಿಕ್ಕಿ 15 ಮಂದಿ ಸ್ಪರ್ಧಾಳುಗಳು ಪ್ರಾಣ ಕಳೆದುಕೊಂಡರು. ಹೊರಟ 303 ಹಡಗುಗಳಲ್ಲಿ ಗುರಿ ಮುಟ್ಟಿದ್ದು 86 ಮಾತ್ರ. ಬ್ಲೇಕನು ನಡೆಸಿದ ‘ಕಾಂಡರ್ ಆಫ್ ಬರ್ಮುಡ’ ಆ ಬಿರುಗಾಳಿಯಲ್ಲಿಯೂ ಹಾಯಿ ಇಳಿಸದೆ ಓಡಿ, 71 ಗಂಟೆ 25 ನಿಮಿಷಗಳಲ್ಲಿ ಮೊದಲನೆಯದಾಗಿ ಬಂದು, ಹೊಸ ದಾಖಲೆಯನ್ನು ಸ್ಥಾಪಿಸಿತು. ಅದೇ ವರ್ಷ ಇಂಗ್ಲೆಂಡಿನ ದಕ್ಷಿಣ ತೀರದ ಎಮ್ಸ್‌ವರ್ತ್ ಊರಿನ ಪಿಪ್ಪ ಗ್ಲ್ಯಾನ್‌ವಿಲ್ ಎಂಬಾಕೆಯೊಡನೆ ಈತನ ವಿವಾಹವಾಯಿತು.

ಅನ್ಯರ ಹಡಗುಗಳಲ್ಲಿ ಎರಡು ಬಾರಿ ನಿರಾಶನಾದ ಬ್ಲೇಕನು ಮೂರನೆಯ ಬಾರಿಗೆ ತನ್ನ ದೇಶದ ಹಡಗಿನಲ್ಲಿಯೇ ಹೋಗಬೇಕೆಂದು ನಿಶ್ಚಯಿಸಿದನು. ಪಿಂಗಾಣಿ ತಯಾರಿಸುವ ಸೆರಾಮ್ಕೊ ಸಂಸ್ಥೆಯ ಟಾಮ್ ಕ್ಲಾರ್ಕ್ ಬೆಂಬಲಕ್ಕೆ ನಿಂತನು. ಉಳಿದ ಹಣವನ್ನು ಸಾರ್ವಜನಿಕರು ಪಾಲುಗಳ ರೂಪದಲ್ಲಿ ಕೊಟ್ಟರು. ಒಂದು ಹಾಯಿಹಡಗಿನಲ್ಲಿ ಸಾಮಾನ್ಯ ಗೃಹಸ್ಥರು ಪಾಲುದಾರರಾದುದರಿಂದ ಅದರ ಸೋಲು ಗೆಲುವುಗಳು ಮನೆಮನೆಯ ಮಾತಾದುವು. ಬ್ರೂಸ್ ಫಾರ್ ಎಂಬ ಶಿಲ್ಪಿ ರೂಪಿಸಿದ 68 ಅಡಿ ಉದ್ದದ ‘ಸೆರಾಮ್ಕೊ ನ್ಯೂಜಿಲೆಂಡ್’ 1980ರ ಸಿಡ್ನಿ-ಹೋಬಾರ್ಟ್ ಪಂದ್ಯದಲ್ಲಿ ಗುರಿಯನ್ನು ಮೊದಲು ಮುಟ್ಟಿ, ಲೆಕ್ಕಹಾಕಿದ ಕಾಲದಲ್ಲಿಯೂ ಮುಂದಾಗಿ, ಮೇಲೆ ಹೇಳಿದ ಅಪೂರ್ವ ಜೋಡಿಜಯವನ್ನು ಸಾಧಿಸಿತು. ಇನ್ನು ಭೂಪ್ರದಕ್ಷಿಣೆಯೂ ಕೈವಶವಾದಂತೆಯೇ ಎಂದು ಆ ದೇಶ ಭಾವಿಸಿದ್ದಲ್ಲಿ ಆಶ್ಚರ್ಯವಿಲ್ಲ. ಆದರೆ 1981ರ ಸೆಪ್ಟೆಂಬರಿನಲ್ಲಿ, ಅಟ್ಲಾಂಟಿಕ್ ಸಾಗರದ ನಡುವಣ ಅಸೆನ್ಷನ್ ದ್ವೀಪಕ್ಕೆ ಉತ್ತರದಲ್ಲಿ ಸುಮಾರು ನೂರು ಮೈಲಿ ದೂರದಲ್ಲಿ, ಸಾಧಾರಣವಾದ ಗಾಳಿಯಲ್ಲಿಯೇ ಹಡಗಿನ ಕೂವೆಮರ ಮುರಿದುಬಿತ್ತು.

ಆಮೇಲೆ ನಡೆದದ್ದು ನಾವಿಕಶಾಸ್ತ್ರದಲ್ಲಿ ಉದಾಹರಿಸತಕ್ಕ ಪ್ರಸಂಗ. ಕೇಪ್‌ಟೌನಿಗೆ ನೇರದಾರಿ ಹತ್ತಿರವಾದರೂ ಗಾಳಿ ಎದುರು. ಮುರಿದುಳಿದ ತುಂಡನ್ನು ಎತ್ತಿನಿಲ್ಲಿಸಿ ಕಟ್ಟಿದ ಕುಂಟು ಹಾಯಿಗಳಿಂದ ಎದುರುಗಾಳಿಯನ್ನು ಏರಿ ಹೋಗುವುದು ಅಸಾಧ್ಯ. ದಕ್ಷಿಣ ಅಟ್ಲಾಂಟಿಕಿನ ಮಧ್ಯದಲ್ಲಿ ವಾಯುಭಾರ ಹೆಚ್ಚಾಗಿರುವ ಒಂದು ವಿಸ್ತಾರವಾದ ಮಂಡಲವಿದ್ದು, ಗಾಳಿಯು ಅದರ ಸುತ್ತ ಅಪ್ರದಕ್ಷಿಣವಾಗಿ ತಿರುಗುತ್ತದೆ. ಬ್ಲೇಕನು ಆ ಮಂಡಲದ ಅಂಚನ್ನೇ ಹಿಡಿದು, ಮೊದಲು ನೈರುತ್ಯಕ್ಕೆ ಬ್ರೆಜಿಲ್ ದೇಶದ ಕಡೆಗೆ ಸಾಗಿ, ಅಲ್ಲಿಂದ ದಕ್ಷಿಣಕ್ಕೆ ಇಳಿದು, ಕಡೆಗೆ ಪಶ್ಚಿಮ ಮಾರುತಗಳ ತೆಕ್ಕೆಗೆ ಬಿದ್ದು ಪೂರ್ವಕ್ಕೆ ತಿರುಗಿದನು. ದಾರಿ ಸುಮಾರು 4,000 ಮೈಲಿಗಳಷ್ಟು ಉದ್ದವಾಯಿತು. ಆದರೆ ಗಾಳಿ ಎಲ್ಲಿಯೂ ಪ್ರತಿಕೂಲವಾಗಲಿಲ್ಲ. ಮೂರು ವಾರಗಳಿಗಿಂತ ತುಸು ಹೆಚ್ಚು ಕಾಲದಲ್ಲಿ ಕೇಪ್‌ಟೌನ್ ಸೇರಿ, ಅಲ್ಲಿ ಹೊಸ ಕೂವೆ ನಿಲ್ಲಿಸಿಕೊಂಡು ಹಡಗು ಪಂದ್ಯವನ್ನು ಮುಂದುವರಿಸಿತು. ಒಟ್ಟು ಫಲಿತಾಂಶದಲ್ಲಿ ಗೆಲ್ಲುವ ಆಸೆ ಮೊದಲ ಹಂತದಲ್ಲಿಯೇ ಮುಗಿದಿದ್ದರೂ ಬ್ಲೇಕನ ಹೆಸರು ಸ್ವದೇಶದಲ್ಲಿ ಸ್ಥಿರವಾದದ್ದು ಈ ಸೋಲಿನಿಂದಲೇ ಎನ್ನಬಹುದು.

ಈ ಪಂದ್ಯದ ಎರಡನೆಯ ಹಂತದಲ್ಲಿ, ದಕ್ಷಿಣ ಮಹಾಸಾಗರದ ನಡುವೆ, ‘ಸೆರಾಮ್ಕೊ’ ನೌಕೆಯು ವಾನ್ ರೀಟ್‌ಸ್ಕೋಟೆನ್ನನ ಹೊಸ ‘ಫ್ಲಾಯರ್’ ನೌಕೆಯನ್ನು ಬೆಂಬಿಡದೆ ಅಟ್ಟಿಸಿಕೊಂಡು ಹೋಗುತ್ತಿತ್ತು. ಆಗ ಐವತ್ತೈದರ ಡಚ್ ನಾಯಕನಿಗೆ ಹೃದಯಾಘಾತವಾಯಿತು. ಹತ್ತಿರದಲ್ಲಿದ್ದ ಹಡಗು ಬ್ಲೇಕನದು. ಅದರಲ್ಲಿ ಹೃದ್ರೋಗತಜ್ಞನೊಬ್ಬನೂ ಇದ್ದನು. ಹೀಗಿದ್ದರೂ ವಾನ್ ರೀಟ್‌ಸ್ಕೋಟೆನ್ ತನ್ನ ಸಿಬ್ಬಂದಿಯ ಬಾಯಿ ಕಟ್ಟಿ, ಸುದ್ದಿಯನ್ನು ರೇಡಿಯೋದಲ್ಲಿ ಯಾರಿಗೂ ತಿಳಿಸಗೊಡಲಿಲ್ಲ. ತಾನು ಅಸ್ವಸ್ಥನೆಂದು ಗೊತ್ತಾದರೆ ಹಿಂದಿನವರು ಇನ್ನೂ ಹುರುಪಿನಿಂದ ಬೆನ್ನಟ್ಟುವರೆಂಬುದೇ ಅದಕ್ಕೆ ಆತನು ಕೊಟ್ಟ ಕಾರಣ. ಹಾಸಿಗೆಯಲ್ಲಿ ಮಲಗಿಕೊಂಡೇ ಆಕ್ಲೆಂಡನ್ನು ಮೊದಲು ಮುಟ್ಟಿ, ಅಂತಿಮವಾಗಿ ಓಟದ ಕಾಲದಲ್ಲಿಯೂ ಲೆಕ್ಕದ ಕಾಲದಲ್ಲಿಯೂ ಗೆದ್ದು, ಈ ಪಂದ್ಯವನ್ನು ಎರಡು ಸಲ ಗೆದ್ದ ಏಕಮಾತ್ರ ನಾಯಕನೆಂಬ ಖ್ಯಾತಿಗೆ ಆತನು ಪಾತ್ರನಾದನು. ಇದನ್ನು ಧೈರ್ಯವೆನ್ನಬೇಕೋ ಅವಿವೇಕವೆನ್ನಬೇಕೋ ಓದುಗರು ನಿರ್ಧರಿಸಿಕೊಳ್ಳಬಹುದು. ಬ್ಲೇಕನು ಎದುರಿಸಬೇಕಾಗಿದ್ದ ಪ್ರತಿಸ್ಪರ್ಧಿಗಳು ಎಂಥ ಧಾತುವಿನಿಂದ ಆದವರೆಂಬುದಂತೂ ಇದರಿಂದ ವಿದಿತವಾಗುತ್ತದೆ.

1985ರ ನಾಲ್ಕನೆಯ ಪ್ರಯತ್ನದ ಬಗ್ಗೆ ಹೆಚ್ಚು ಹೇಳಬೇಕಾದುದಿಲ್ಲ. ಹಿಂದಿನ ಮುರಿತಗಳ ನೆನಪಿನಿಂದಲೋ ಏನೋ, ‘ಲಯನ್ ನ್ಯೂಜಿಲೆಂಡ್’ ಅತಿ ಗಟ್ಟಿಯಾಗಿಯೂ ಅತಿ ಭಾರವಾಗಿಯೂ ನಿರ್ಮಿತವಾಗಿತ್ತು. ತಿಮಿಂಗಿಲವೊಂದಕ್ಕೆ ಬಡಿದು ಚುಕ್ಕಾಣಿ ಜಖಮ್ಮಾದರೂ ಯಾವುದೂ ಮುರಿಯದೆ ಎರಡನೆಯದಾಗಿ ಗುರಿ ಮುಟ್ಟಿತು.

1989ರಲ್ಲಿ ಬ್ಲೇಕನು ಹದಿನಾರು ವರ್ಷಗಳ ಅನುಭವವೆಲ್ಲವನ್ನೂ ಒಂದು ಹಡಗಿಗೆ ಎರೆದನು. ‘ಸ್ಟೈನ್‌ಲಾಗರ್ 2’ ಎಂಬ ಈ ಕೆಂಪು ಹಡಗು 84 ಅಡಿ ಉದ್ದದ, ಎರಡು ಕೂವೆಮರಗಳುಳ್ಳ ಕೆಚ್ ಜಾತಿಯದು. ಆ ಕಾಲಕ್ಕೆ ಎರಡು ಕೂವೆಗಳು ಹಳೆಯ ಪದ್ಧತಿಯೆಂದು ಬಹುಮಂದಿ ವಿನ್ಯಾಸಕಾರರು ಕೈಬಿಟ್ಟಿದ್ದರು. ಆದರೆ ಅಂದಿನ ಅಳತೆಯ ನಿಯಮಗಳು ಹಿಂಗೂವೆಯ ಹಾಯಿಗಳಿಗೆ ತೆರಿಗೆ ವಿಧಿಸಿದ್ದು ಅತ್ಯಲ್ಪ. ಭೂಪ್ರದಕ್ಷಿಣ ಪಥದಲ್ಲಿಯಾದರೋ ಗಾಳಿ ಬಹುಪಾಲು ಮಗ್ಗುಲಿನಿಂದಲೂ ಹಿಂದಿನಿಂದಲೂ ಬೀಸತಕ್ಕದ್ದು, ಅಂಥ ಗಾಳಿಯಲ್ಲಿ ಹಿಂಗೂವೆಗೆ ಕಟ್ಟಿದ ಹೆಚ್ಚಿನ ಹಾಯಿ ಅಪಾರವಾದ ಬಲವನ್ನೊದಗಿಸುತ್ತದೆ. ಈ ಎರಡು ಅಂಶಗಳನ್ನು ಜೋಡಿಸಿ ನೋಡಿದ ಬ್ರೂಸ್ ಫಾರ್‌ನೂ ಬ್ಲೇಕನೂ ಎದುರಾಳಿಗಳನ್ನು ರೇಖಾಚಿತ್ರದ ಮೇಜಿನ ಮೇಲೆಯೇ ಅರ್ಧ ಸೋಲಿಸಿದ್ದರು. ಅದೇ ತರ್ಕವನ್ನು ಕಂಡುಕೊಂಡಿದ್ದ ಇನ್ನೊಂದು ಹಡಗೆಂದರೆ ಸ್ವದೇಶದ್ದೇ ಆದ, ಗ್ರಾಂಟ್ ಡಾಲ್ಟನ್ ನಾಯಕತ್ವದ ‘ಫಿಷರ್ ಅಂಡ್ ಪೈಕೆಲ್’. 1990ರ ಆರಂಭದಲ್ಲಿ ಆಸ್ಟ್ರೇಲಿಯದಿಂದ ಸಾವಿರಾರು ಮೈಲಿಗಳನ್ನು ಕ್ರಮಿಸಿ ಬಂದ ಈ ಎರಡು ಕೆಚ್‌ಗಳು ನಡುರಾತ್ರಿ ಆಕ್ಲೆಂಡ್ ಬಂದರನ್ನು ಪ್ರವೇಶಿಸಿದಾಗ ಅವುಗಳ ನಡುವಣ ಅಂತರ ಸುಮಾರು ಆರು ನಿಮಿಷ. ಮೊದಲು ಬಂದದ್ದು ಕೆಂಪು ಹಡಗು. ಅಂತಿಮ ಹಂತದಲ್ಲಿ ಕೂವೆಯ ಹಗ್ಗಗಳನ್ನು ಒಡಲಿಗೆ ಬಂಧಿಸುವ ಲೋಹದ ಪಟ್ಟಿಯೊಂದು ಕಿತ್ತುಬಂದಾಗ ಎರಡು ಕೂವೆಗಳೂ ಧರಾಶಾಯಿಯಾಗಬೇಕಾಗಿತ್ತು. ಕ್ಷಣಾರ್ಧದಲ್ಲಿ ಹಾಯಿಗಳನ್ನು ಇನ್ನೊಂದು ಮಗ್ಗುಲಿಗೆ ಹೊರಳಿಸಿ ಭಾರವನ್ನು ಮುರಿದ ಕಡೆಯಿಂದ ತಪ್ಪಿಸಿ ಸಿಬ್ಬಂದಿಯವರು ಹಡಗನ್ನು ಉಳಿಸಿಕೊಂಡರು. ಆರು ಹಂತಗಳಿಗೆ ಆರನ್ನೂ ಗೆದ್ದು, 128 ದಿನ 9 ಗಂಟೆಗಳ ಒಟ್ಟು ಓಟದಲ್ಲಿ ‘ಸ್ಟೈನ್‌ಲಾಗರ್ 2’ ಪಡೆದ ಈ ಸರ್ವಜಯಕ್ಕೆ ಆ ಪಂದ್ಯದ ಇತಿಹಾಸದಲ್ಲಿ ಸಾಟಿಯಿಲ್ಲ.

ತರುವಾಯದ ಸಾಧನೆ ಜೂಲ್ಸ್ ವರ್ನ್ ಪಾರಿತೋಷಕ. ಫ್ರೆಂಚ್ ಕಾದಂಬರಿಕಾರನ ಕಲ್ಪನೆಯ ಎಂಬತ್ತು ದಿನಗಳನ್ನು ವಾಸ್ತವದಲ್ಲಿ ಮೀರುವ ಹಾಯಿಹಡಗಿಗೆ ಮೀಸಲಾದ ಈ ಬಹುಮಾನಕ್ಕಾಗಿ ಬ್ಲೇಕ್ ಮತ್ತು ನಾಕ್ಸ್-ಜಾನ್‌ಸ್ಟನ್ ‘ಎನ್ಜ ನ್ಯೂಜಿಲೆಂಡ್’ ಎಂಬ ಜೋಡಿ ಒಡಲಿನ ಕಟಮರಾನಿನಲ್ಲಿ 1993ರಲ್ಲಿ ಹೊರಟು, ದಕ್ಷಿಣ ಹಿಂದೂ ಮಹಾಸಾಗರದಲ್ಲಿ ಯಾವುದೋ ತೇಲುವ ವಸ್ತುವಿಗೆ ಬಡಿದು ಒಡಲು ಸೀಳಿದ್ದರಿಂದ ಹಿಂದಿರುಗಬೇಕಾಯಿತು. ಆ ವರ್ಷ ಫ್ರಾನ್ಸಿನ ಬ್ರೂನೊ ಪೇರಾನ್ 79 ದಿನಗಳಲ್ಲಿ ಸುತ್ತಿ ಮೊದಲಿಗನಾದನು. ಮರುವರ್ಷ ಜನವರಿಯಲ್ಲಿ ಇವರು ಮತ್ತೆ ಹೊರಟು, ಜೊತೆಯಲ್ಲಿಯೇ ಹೊರಟ ಒಲಿವಿಯೆ ದ ಕೆರ್ಸೊಸೊನ್ನನನ್ನು ಹಿಂದಿಕ್ಕಿ, 74 ದಿನ 22 ಗಂಟೆ 17 ನಿಮಿಷಗಳಲ್ಲಿ ಫ್ರಾನ್ಸಿನ ಉಶಾಂತ್ ದ್ವೀಪದ ಬಳಿಯ ರೇಖೆಯನ್ನು ದಾಟಿದರು. ಕಡೆಯ ದಿನ ಎದ್ದ ಬಿರುಗಾಳಿಯಲ್ಲಿ ಹಡಗು ಅಲೆಗಳಿಂದ ಜಾರಿ ಮುಗ್ಗರಿಸೀತೆಂಬ ಭಯದಿಂದ, ಭಾರವಾದ ಹಗ್ಗಗಳನ್ನೂ ಸರಪಳಿಯನ್ನೂ ಹಿಂದೆ ನೀರಿಗೆ ಇಳಿಬಿಟ್ಟು ವೇಗವನ್ನು ತಗ್ಗಿಸಬೇಕಾಯಿತೆಂಬುದು ವೇಗದ ದಾಖಲೆಯೊಂದರ ವಿಚಿತ್ರ ಉಪಸಂಹಾರ.

ಅಮೆರಿಕಾಸ್ ಕಪ್ ಬೇರೆಯೇ ಲೋಕ. ಅಲ್ಲಿ ಹಿಮಗಡ್ಡೆಯಿಲ್ಲ, ಕೇಪ್ ಹಾರ್ನ್ ಇಲ್ಲ. ದಡದಿಂದ ಕಾಣುವಷ್ಟು ಹತ್ತಿರದಲ್ಲಿ ಎರಡೇ ಹಡಗುಗಳು ಗಂಟೆಯೆರಡು ಗಂಟೆ ಸೆಣಸುತ್ತವೆ. ಅವುಗಳ ಹಿಂದೆ ಕೋಟ್ಯಧೀಶರು, ವಕೀಲರು, ವಿಜ್ಞಾನಿಗಳು. 1851ರಿಂದ ನಡೆದುಬಂದಿರುವ ಈ ಸ್ಪರ್ಧೆಯ ಪಾತ್ರೆಯು 132 ವರ್ಷ ಕಾಲ ಅಮೆರಿಕದವರ ಕೈಬಿಟ್ಟಿರಲಿಲ್ಲ. 1983ರಲ್ಲಿ ಆಸ್ಟ್ರೇಲಿಯ ಒಮ್ಮೆ ಗೆದ್ದಿತ್ತು. 1992ರಲ್ಲಿ ನ್ಯೂಜಿಲೆಂಡಿನ ತಂಡಕ್ಕೆ ವ್ಯವಸ್ಥಾಪಕನಾಗಿದ್ದು ಸೋಲುಂಡ ಬ್ಲೇಕನು, 1995ರಲ್ಲಿ ತಾನೇ ಸಂಘಟಿಸಿದ ಹೊಸ ತಂಡದೊಡನೆ ಅಮೆರಿಕದ ಸ್ಯಾನ್ ಡಿಯೇಗೊ ನಗರಕ್ಕೆ ಬಂದನು. ಚುಕ್ಕಾಣಿ ಹಿಡಿದವನು ರಸೆಲ್ ಕೂಟ್ಸ್ ಎಂಬ ತರುಣ. ತನಗಿಂತ ಆ ವಿದ್ಯೆಯಲ್ಲಿ ನಿಪುಣನಾದವನಿಗೆ ನಾಯಕಸ್ಥಾನವನ್ನು ಬಿಟ್ಟುಕೊಟ್ಟು, ತಂಡದ ಒಡೆಯನಾದ ತಾನು ಹಡಗಿನಲ್ಲಿ ಸಾಮಾನ್ಯ ನಾವಿಕನಂತೆ ಹಾಯಿಯ ಹಗ್ಗ ಎಳೆಯುತ್ತ ಕುಳಿತದ್ದು ಬ್ಲೇಕನ ಸ್ವಭಾವಕ್ಕೆ ಕನ್ನಡಿ. ಯಾವ ಖರ್ಚನ್ನೇ ಆಗಲಿ, ಇದರಿಂದ ಹಡಗಿನ ವೇಗ ಹೆಚ್ಚುತ್ತದೆಯೇ ಎಂಬ ಒಂದೇ ಪ್ರಶ್ನೆಯಿಂದ ಅಳೆಯುವುದು ಆ ತಂಡದ ನಿಯಮವಾಗಿತ್ತು. ತೋಳಿಗೆ ಪೆಟ್ಟಾಗಿ ಈತನು ದಡದಲ್ಲಿ ಉಳಿದ ದಿನ ಹಡಗು ಸೋತಿತು. ಪತ್ನಿ ಕೊಟ್ಟಿದ್ದ ಕೆಂಪು ಕಾಲುಚೀಲಗಳನ್ನು ಧರಿಸಿ ಈತನು ಮರಳಿ ಹತ್ತಿದ ಮೇಲೆ ಸೋಲಲಿಲ್ಲ. ಸುದ್ದಿ ಸ್ವದೇಶಕ್ಕೆ ಮುಟ್ಟಿ, ಪ್ರಧಾನಿಯಿಂದ ಹಿಡಿದು ಶಾಲೆಯ ಮಕ್ಕಳವರೆಗೆ ಎಲ್ಲರೂ ಕೆಂಪು ಕಾಲುಚೀಲ ತೊಟ್ಟರು. ಮಾರಾಟದ ಹಣ ತಂಡದ ಬೊಕ್ಕಸಕ್ಕೆ ಸೇರಿತು. ಮೇ ತಿಂಗಳಿನಲ್ಲಿ ‘ಬ್ಲಾಕ್ ಮ್ಯಾಜಿಕ್’ ಎಂದು ಪ್ರಸಿದ್ಧವಾದ ಕರಿಯ ಹಡಗು ಅಮೆರಿಕದ ಡೆನಿಸ್ ಕಾನರನ ತಂಡವನ್ನು 5–0 ಅಂತರದಿಂದ ಸೋಲಿಸಿತು. ಅದೇ ವರ್ಷ ಬ್ಲೇಕನಿಗೆ ಸರ್ ಪದವಿ ಲಭಿಸಿತು. 2000ದ ಮಾರ್ಚಿನಲ್ಲಿ ಆಕ್ಲೆಂಡಿನಲ್ಲಿಯೇ ಇಟಲಿಯ ಪ್ರಾಡ ತಂಡವನ್ನು ಮತ್ತೆ 5–0 ಅಂತರದಿಂದ ಸೋಲಿಸಿ ಪಾತ್ರೆಯನ್ನು ಉಳಿಸಿಕೊಂಡದ್ದು, ಅಮೆರಿಕದವರಲ್ಲದ ತಂಡವೊಂದು ಅದನ್ನು ರಕ್ಷಿಸಿಕೊಂಡ ಪ್ರಥಮ ಪ್ರಸಂಗ. ಆಮೇಲೆ ಬ್ಲೇಕನು ತಂಡವನ್ನು ಕಿರಿಯರಿಗೆ ಒಪ್ಪಿಸಿ ಹೊರಬಿದ್ದನು.

ಈ ನಿರ್ಗಮನ ಆಕಸ್ಮಿಕವಲ್ಲ. ಮೊದಲ ಭೂಪ್ರದಕ್ಷಿಣೆಗಳಲ್ಲಿ ದಕ್ಷಿಣ ಮಹಾಸಾಗರದ ಉದ್ದಕ್ಕೂ ಹಡಗಿನ ಹಿಂದೆ ಸಂಗಾತಿಗಳಂತೆ ಬರುತ್ತಿದ್ದ ಆಲ್ಬಟ್ರಾಸ್ ಹಕ್ಕಿಗಳು ಬರಬರುತ್ತ ವಿರಳವಾಗುತ್ತಿದ್ದುದನ್ನು ಈತನು ಗಮನಿಸಿದ್ದನು. ಎರೆ ಕಟ್ಟಿದ ಸಾವಿರಾರು ಗಾಳಗಳನ್ನು ಹತ್ತಾರು ಮೈಲಿ ಉದ್ದದ ಹಗ್ಗದಲ್ಲಿ ಇಳಿಬಿಡುವ ಮೀನುಗಾರಿಕೆಯಿಂದ, ಎರೆಗೆ ಎರಗಿದ ಈ ಹಕ್ಕಿಗಳು ಗಾಳಕ್ಕೆ ಸಿಕ್ಕಿ ನೀರಿನಲ್ಲಿ ಮುಳುಗಿ ಸಾಯುತ್ತವೆ. ಎರಡು ವರ್ಷಕ್ಕೊಮ್ಮೆ ಒಂದೇ ಮೊಟ್ಟೆಯಿಡುವ ದೊಡ್ಡ ಆಲ್ಬಟ್ರಾಸ್‌ಗಳಿಗೆ ಆ ನಷ್ಟವನ್ನು ತುಂಬಿಕೊಳ್ಳುವ ಶಕ್ತಿಯಿಲ್ಲ. ವಿಜ್ಞಾನಿಗಳು ಅಂಕಿಗಳಲ್ಲಿ ಹೇಳುವುದನ್ನು ಬ್ಲೇಕ್ ಇಪ್ಪತ್ತು ವರ್ಷಗಳ ಅಂತರದಲ್ಲಿ ಅದೇ ಸಮುದ್ರವನ್ನು ಮತ್ತೆ ಮತ್ತೆ ಹಾಯ್ದು ಕಣ್ಣಾರೆ ಕಂಡವನು; ಆತನ ಮಾತಿಗೆ ಬಂದ ತೂಕ ಅಲ್ಲಿಯದು.

1997ರಲ್ಲಿ ಫ್ರೆಂಚ್ ಸಮುದ್ರಾನ್ವೇಷಕ ಜಾಕ್ ಈವ್ ಕುಸ್ತೊ ತೀರಿಕೊಂಡ ಬಳಿಕ ಆತನ ಸಂಸ್ಥೆಯ ಅನ್ವೇಷಣಯಾತ್ರೆಗಳ ಮುಖ್ಯಸ್ಥನಾಗಿ ಬ್ಲೇಕ್ ಕೆಲಕಾಲ ಕೆಲಸ ಮಾಡಿದನು. ಆ ಸಂಬಂಧ ಬಹುಕಾಲ ನಿಲ್ಲಲಿಲ್ಲ. ಬೇರೆಯಾದಾಗ ಈತನು ತನ್ನದೇ ಅನ್ವೇಷಣ ಸಂಸ್ಥೆಯನ್ನು ಸ್ಥಾಪಿಸಿ, ಹಿಂದೆ ಫ್ರೆಂಚ್ ಧ್ರುವಯಾತ್ರಿಕ ಜಾನ್-ಲೂಯಿ ಎತಿಯೆನ್ 1989ರಲ್ಲಿ ಕಟ್ಟಿಸಿದ್ದ ಹಡಗೊಂದನ್ನು ಕೊಂಡು ಅದಕ್ಕೆ ‘ಸೀಮಾಸ್ಟರ್’ ಎಂದು ಹೆಸರಿಟ್ಟನು. 36 ಮೀಟರ್ ಉದ್ದ, 10 ಮೀಟರ್ ಅಗಲದ ಈ ಅಲ್ಯುಮಿನಿಯಮ್ ಹಡಗಿನ ಒಡಲು ದುಂಡಗಿದ್ದು, ನೀರು ಹೆಪ್ಪುಗಟ್ಟಿ ಇಕ್ಕೆಲದಿಂದ ಒತ್ತಿದಾಗ ಜಜ್ಜಿಹೋಗದೆ ಮೇಲಕ್ಕೆ ಜಾರಿಕೊಳ್ಳುವಂತೆ ರಚಿತವಾಗಿದೆ. ಅಡಿಯ ಫಲಕಗಳನ್ನು ಒಳಕ್ಕೆ ಎಳೆದುಕೊಂಡರೆ ಆಳವಿಲ್ಲದ ನೀರಿನಲ್ಲಿಯೂ ಚಲಿಸಬಲ್ಲದು. ಧ್ರುವದ ಮಂಜಿಗೂ ಉಷ್ಣವಲಯದ ನದಿಗೂ ಏಕಕಾಲದಲ್ಲಿ ಒಗ್ಗುವ ಇಂಥ ಹಡಗುಗಳು ಬಹಳವಿಲ್ಲ. 2001ರಲ್ಲಿ ಸಂಯುಕ್ತ ರಾಷ್ಟ್ರಸಂಸ್ಥೆಯ ಪರಿಸರ ಕಾರ್ಯಕ್ರಮವು ಬ್ಲೇಕನನ್ನು ವಿಶೇಷ ರಾಯಭಾರಿಯನ್ನಾಗಿ ನೇಮಿಸಿತು.

ಆ ವರ್ಷದ ಆದಿಯಲ್ಲಿ ‘ಸೀಮಾಸ್ಟರ್’ ಅಂಟಾರ್ಕ್ಟಿಕದ ಪರ್ಯಾಯದ್ವೀಪದ ಪಶ್ಚಿಮ ಅಂಚಿನಲ್ಲಿ ಸುಮಾರು 70 ಡಿಗ್ರಿ ದಕ್ಷಿಣ ಅಕ್ಷಾಂಶದವರೆಗೂ ಇಳಿಯಿತು. ಸಾಮಾನ್ಯವಾಗಿ ಮಂಜು ಮುಚ್ಚಿರಬೇಕಾದೆಡೆಯಲ್ಲಿ ತೆರೆದ ನೀರು ಕಂಡುದೇ ಆ ಯಾತ್ರೆಯ ಮುಖ್ಯ ಸಂದೇಶವಾಯಿತು. ಬ್ಲೇಕನ ಪ್ರಚಾರಪದ್ಧತಿಯಲ್ಲಿ ಉಪದೇಶಕ್ಕಿಂತ ದರ್ಶನಕ್ಕೆ ಪ್ರಾಧಾನ್ಯ. ಚಲನಚಿತ್ರ ತೆಗೆಯುವವರೂ ತರುಣ ಸಹಾಯಕರೂ ಹಡಗಿನಲ್ಲಿದ್ದರು; ದಿನದಿನದ ವೃತ್ತಾಂತವನ್ನು ಅಂತರಜಾಲದ ಮೂಲಕ ಶಾಲೆಯ ಮಕ್ಕಳು ಓದುತ್ತಿದ್ದರು. ಜನರು ತಾವು ಪ್ರೀತಿಸದ ವಸ್ತುವನ್ನು ಕಾಪಾಡಲಾರರು, ಕಾಣದ ವಸ್ತುವನ್ನು ಪ್ರೀತಿಸಲಾರರು ಎಂಬ ನಂಬಿಕೆ ಅದರ ಹಿಂದಿತ್ತು. ಹಿಂದೆ ಪಂದ್ಯಕ್ಕೆ ಪಾಲುದಾರರನ್ನು ಒದಗಿಸಿದ ಉಪಾಯವೇ ಇಲ್ಲಿ ಇನ್ನೊಂದು ವೇಷದಲ್ಲಿ ಬಂದಿದೆ.

ಸೆಪ್ಟೆಂಬರಿನಿಂದ ಅಮೆಜಾನ್ ಯಾತ್ರೆ. ಭೂಮಿಯ ಸಮಸ್ತ ನದಿಗಳು ಸಮುದ್ರಕ್ಕೆ ತಂದು ಸುರಿಯುವ ಸಿಹಿನೀರಿನಲ್ಲಿ ಸುಮಾರು ಐದನೆಯ ಒಂದು ಪಾಲು ಈ ಒಂದೇ ನದಿಯದು. ಮನೌಸ್ ನಗರದ ಬಳಿ ಅದರ ಮಣ್ಣುಬಣ್ಣದ ಪ್ರವಾಹಕ್ಕೆ ಕಾಡಿನ ಕೊಳೆತ ಎಲೆಗಳ ಕಷಾಯದಂತಿರುವ ರಿಯೊ ನೀಗ್ರೊ ನದಿಯ ಕಪ್ಪುನೀರು ಬಂದು ಕೂಡಿ, ಎರಡೂ ಬೆರೆಯದೆ ಮೈಲಿಗಟ್ಟಲೆ ಪಕ್ಕಪಕ್ಕದಲ್ಲಿ ಹರಿಯುತ್ತವೆ. ‘ಸೀಮಾಸ್ಟರ್’ ಆ ಕಪ್ಪುನದಿಯಲ್ಲಿ ಬಹುದೂರ ಒಳಕ್ಕೆ ಹೋಯಿತು. ಸಿಬ್ಬಂದಿಯ ಒಂದು ಭಾಗ ಅಲ್ಲಿಂದ ಮುಂದಕ್ಕೆ, ಅಮೆಜಾನ್ ಮತ್ತು ಒರಿನೋಕೊ ಎಂಬ ಎರಡು ಮಹಾನದಿಗಳ ಜಲಾನಯನಗಳನ್ನು ಪ್ರಕೃತಿಯೇ ಜೋಡಿಸಿಟ್ಟಿರುವ ಕಾಸಿಕಿಯಾರೆ ಕಾಲುವೆಯ ಮಾರ್ಗವಾಗಿ ವೆನೆಜುವೆಲಕ್ಕೆ ಹೋಗುವುದು; ಹಡಗು ಹಿಂದಿರುಗಿ ಸಮುದ್ರದ ಮೂಲಕ ಒರಿನೋಕೊ ನದಿಗೆ ಬಂದು ಅವರನ್ನು ಕೂಡಿಕೊಳ್ಳುವುದು ಎಂಬುದು ಯೋಜನೆ. ನವೆಂಬರಿನಲ್ಲಿ ನ್ಯೂಜಿಲೆಂಡಿನ ಪ್ರಧಾನಿ ಹೆಲೆನ್ ಕ್ಲಾರ್ಕ್ ಬ್ರೆಜಿಲ್ ಪ್ರವಾಸದಲ್ಲಿ ಹಡಗಿಗೆ ಬಂದು ಬ್ಲೇಕನನ್ನು ಕಂಡಳು. ಅವನ ಈ ಕಾಲದ ಬರೆಹಗಳಲ್ಲಿ ನೀರೇ ಪ್ರಧಾನ ವಿಷಯ: ನೀರು ಚೆನ್ನಾಗಿದ್ದರೆ ಬಾಳು ಚೆನ್ನ, ನೀರು ಕೆಟ್ಟರೆ ಬಾಳೂ ಕೆಟ್ಟಿತು ಎಂಬರ್ಥದ ಮಾತನ್ನು ಈತನು ಆಗ ಬರೆದನು.

ಡಿಸೆಂಬರ್ 5ರ ರಾತ್ರಿ ಹಡಗು ನದೀಮುಖದಲ್ಲಿ, ಭೂಮಧ್ಯರೇಖೆಯ ಮೇಲಿರುವ ಮಕಾಪ ನಗರದ ಬಳಿ, ಬ್ರೆಜಿಲನ್ನು ಬಿಡುವ ಮುನ್ನ ಲಂಗರು ಹಾಕಿತ್ತು. ಮುಸುಕು ಧರಿಸಿದ ಶಸ್ತ್ರಸಜ್ಜಿತ ದರೋಡೆಗಾರರು ದೋಣಿಯಲ್ಲಿ ಬಂದು ಹಡಗನ್ನೇರಿದರು. ಬ್ಲೇಕನು ಕೆಳಗಿಳಿದು ಕೋವಿ ತಂದು ಒಬ್ಬನ ಕೈಗೆ ಗುಂಡು ಹೊಡೆದನು. ಅಷ್ಟರಲ್ಲಿ ಕೋವಿ ಕೆಟ್ಟು ನಿಂತಿತು, ಬೆನ್ನಿಗೆ ಎರಡು ಗುಂಡುಗಳು ತಗಲಿ ಈತನು ಅಲ್ಲಿಯೇ ಮೃತನಾದನು. ವಯಸ್ಸು ಐವತ್ತಮೂರು. ಸಿಬ್ಬಂದಿಯಲ್ಲಿ ಇಬ್ಬರು ಗಾಯಗೊಂಡರು. ಕಳ್ಳರು ಕೊಂಡೊಯ್ದದ್ದು ಒಂದು ಸಣ್ಣ ದೋಣಿಯ ಯಂತ್ರ ಮತ್ತು ಕೆಲವು ಗಡಿಯಾರಗಳು. ಮರುವರ್ಷ ಅಪರಾಧಿಗಳಿಗೆ ದೀರ್ಘ ಕಾರಾಗೃಹವಾಸ ವಿಧಿಸಲಾಯಿತು. ಆಕ್ಲೆಂಡಿನಲ್ಲಿ ನಡೆದ ಸ್ಮರಣಸಭೆಗೆ ಸಾವಿರಾರು ಜನ ಸೇರಿದರು. ಸಮಾಧಿಯಿರುವುದು ಮಾತ್ರ ಇಂಗ್ಲೆಂಡಿನಲ್ಲಿ, ಎಮ್ಸ್‌ವರ್ತ್ ಸಮೀಪದ ವಾರ್‌ಬ್ಲಿಂಗ್ಟನ್ ಇಗರ್ಜಿಯ ಅಂಗಳದಲ್ಲಿ.

ನ್ಯೂಜಿಲೆಂಡಿನಲ್ಲಿ ಬ್ಲೇಕನ ಹೆಸರಿನಲ್ಲಿ ಸ್ಥಾಪಿತವಾದ ಧರ್ಮಸಂಸ್ಥೆಯು ತರುಣರಿಗೆ ನಾಯಕತ್ವವನ್ನೂ ಪರಿಸರಜ್ಞಾನವನ್ನೂ ಬೋಧಿಸುತ್ತ, ಆಯ್ದ ಕೆಲವರನ್ನು ಅಂಟಾರ್ಕ್ಟಿಕಕ್ಕೂ ಕಳುಹಿಸುತ್ತದೆ. ಕಪ್ ಗೆದ್ದ ಕರಿಯ ಹಡಗು ಆಕ್ಲೆಂಡಿನ ನೌಕಾ ವಸ್ತುಸಂಗ್ರಹಾಲಯದಲ್ಲಿದೆ. ಇವು ಗೌರವದ ಕುರುಹುಗಳು. ಪರಿಸರಕ್ಕಾಗಿ ಬ್ಲೇಕನು ಸ್ವತಃ ಮಾಡಿ ಮುಗಿಸಿದ್ದು, ನಿಷ್ಪಕ್ಷಪಾತವಾಗಿ ಹೇಳುವುದಾದರೆ, ಸ್ವಲ್ಪವೇ: ಎರಡು ಯಾತ್ರೆಗಳು, ಕೆಲವು ಚಿತ್ರಗಳು, ಒಂದಷ್ಟು ಬರೆಹ. ಆತನು ಯಾವ ಕಾನೂನನ್ನೂ ಬದಲಾಯಿಸಲಿಲ್ಲ, ಯಾವ ಹೊಸ ಸತ್ಯವನ್ನೂ ಕಂಡುಹಿಡಿಯಲಿಲ್ಲ. ಹೆಚ್ಚಿನ ಫಲವನ್ನು ಕೊಟ್ಟದ್ದು ಆತನು ಬಿಟ್ಟುಹೋದ ಹಡಗು. 2003ರಲ್ಲಿ ಫ್ರಾನ್ಸಿನ ಎತಿಯೆನ್ ಬೂರ್ಗ್ವಾ ಅದನ್ನು ಕೊಂಡು ‘ತಾರಾ’ ಎಂದು ಹೆಸರಿಟ್ಟನು. 2006ರ ಸೆಪ್ಟೆಂಬರಿನಲ್ಲಿ ಸೈಬೀರಿಯದ ಉತ್ತರಕ್ಕೆ ಮಂಜಿನಲ್ಲಿ ಬೇಕೆಂದೇ ಸಿಕ್ಕಿಕೊಂಡ ಹಡಗು, ಮಂಜಿನೊಡನೆಯೇ ತೇಲುತ್ತ ಉತ್ತರ ಧ್ರುವಸಾಗರವನ್ನು ದಾಟಿ, 507 ದಿನಗಳ ಬಳಿಕ ಗ್ರೀನ್‌ಲೆಂಡಿನ ಪೂರ್ವಸಮುದ್ರದಲ್ಲಿ ಹೊರಬಂದಿತು. ನೂರು ವರ್ಷಕ್ಕೂ ಹಿಂದೆ ನಾರ್ವೆಯ ಧ್ರುವಯಾತ್ರಿಕ ನಾನ್ಸೆನ್ನನ ‘ಫ್ರಾಮ್’ ಹಡಗಿಗೆ ಅದೇ ಬಗೆಯ ತೇಲುಯಾತ್ರೆಗೆ ಸುಮಾರು ಮೂರು ವರ್ಷ ಹಿಡಿದಿತ್ತು. 2009ರಿಂದ ಮುಂದೆ ಅದು ಜಗತ್ತಿನ ಸಾಗರಗಳಲ್ಲಿ ಸಂಚರಿಸಿ, ತೇಲುವ ಸೂಕ್ಷ್ಮಜೀವಿಗಳ ಸುಮಾರು 35,000 ಮಾದರಿಗಳನ್ನು ಸಂಗ್ರಹಿಸಿತು. ಅವುಗಳ ಅಧ್ಯಯನದಿಂದ ದೊರೆತ, ಬಹುಪಾಲು ಹಿಂದೆ ಅಜ್ಞಾತವಾಗಿದ್ದ ಸುಮಾರು 4 ಕೋಟಿ ವಂಶವಾಹಿಗಳ ಪಟ್ಟಿ 2015ರಲ್ಲಿ ‘ಸೈನ್ಸ್’ ಪತ್ರಿಕೆಯಲ್ಲಿ ಪ್ರಕಟವಾಯಿತು.